ಯಂತ್ರ ಒಪ್ಪದ ಹೆಬ್ಬೆರಳು

ಮೊನ್ನೆ ಕಚೇರಿಯೊಂದರಲ್ಲಿ ಬೆರಳಚ್ಚಿನ ಯಂತ್ರ ನನ್ನ ಹೆಬ್ಬೆರಳನ್ನು ಮೂರು ಸಲವೂ ಒಪ್ಪಲಿಲ್ಲ. "ಒರೆಸ್ಕೊಂಡು ಇನ್ನೊಂದ್ಸಲ ಇಡಿ ಮೇಡಂ," ಎಂದರು ಗುಮಾಸ್ತರು. ಆ ಕೆಂಪು ಬೆಳಕು ನೋಡುತ್ತಲೇ ಎದುರುಮನೆಯ ಅಕ್ಕ ನೆನಪಾದರು...

ಬೇಲೂರಿನವರು. ಅರಸೀಕೆರೆಯಲ್ಲಿ ನಮ್ಮೆದುರು ಬಾಡಿಗೆಗಿದ್ದರು. ಹೊಟ್ಟೆಪಾಡಿಗೆ ಮದುವೆ ವಿಡಿಯೊ ತೆಗೆಯುತ್ತಿದ್ದರು. ಉಳಿದ ದಿನ ತಮ್ಮದೇ ಸಿನಿಮಾ. ಅದರಲ್ಲಿ ಕತೆಯಿಲ್ಲ, ಹಾಡಿಲ್ಲ. ಯಂತ್ರಗಳ ಮುಂದೆ ನಿಂತು 'ನಾನು ನಾನೇ' ಎಂದು ಸಾಬೀತು ಮಾಡಬೇಕಾದವರ ಕಣ್ಣು, ಕೈ, ಚರ್ಮ, ಅಷ್ಟೇ.

ಆಗ ಅಮ್ಮನ ಪಿಂಚಣಿಗೆ ಬೆರಳಚ್ಚು ಕೊಡಬೇಕಿತ್ತು. ಮೂವತ್ತು ವರ್ಷ ತೆಂಗಿನಕಾಯಿ ಸುಲಿದು ಅವಳ ಹೆಬ್ಬೆರಳಿನ ಗೆರೆಗಳೇ ಸವೆದುಹೋಗಿದ್ದವು. ಐದು ಸಲ ವಾಪಸಾದಳು. "ನಾನೇ ಇಲ್ಲಿ ನಿಂತಿವ್ನಿ, ಆ ಡಬ್ಬಾನ ಕೇಳ್ತಾರಲ್ಲ!" ಎಂದು ಅಕ್ಕನ ಮುಂದೆ ರೇಗಿದಳು. ಅಕ್ಕ ಅದನ್ನು ಚಿತ್ರೀಕರಿಸಿಕೊಂಡರು. ಆಮೇಲೆ ವಾರಗಟ್ಟಲೆ ಅಮ್ಮನ ಕೈಯನ್ನೇ... ಸಿನಿಮಾದ ಜೀವವೇ ಅದಾಯಿತು.

ಹಳೇಬೀಡಿನಲ್ಲಿ ಪ್ರದರ್ಶನ ನಿಗದಿಯಾಯಿತು. ನಾನು ಅಲ್ಲೇ ಹತ್ತಿರ, ಮಾದಿಹಳ್ಳಿ ಕಡೆಯ ಶಾಲೆಗೆ ಹೊಸದಾಗಿ ಟೀಚರಾಗಿ ಸೇರಿದ್ದೆ. ಸಹೋದ್ಯೋಗಿಗಳೆಲ್ಲ ಬರುವವರಿದ್ದರು. ಅಮ್ಮ ಕಾಯಿ ಸುಲಿಯುವವಳೆಂದು ಅವರಿಗೆ ನಾನು ಹೇಳಿರಲಿಲ್ಲ. ಹಿಂದಿನ ದಿನ ಅಕ್ಕನ ಬಳಿ ಹೋದೆ.

"ಅಮ್ಮನ ಭಾಗ ತೆಗೆದುಬಿಡಿ. ನಿಮ್ಮ ಹತ್ರಾನೂ ಇಟ್ಕೋಬೇಡಿ."

"ನಿಮ್ಮಮ್ಮ ಒಪ್ಪಿದಾರೆ ಕಣೇ."

"ನಾನು ಒಪ್ಪಿಲ್ಲ."

"ಆಯ್ತು, ಒಂದು ಪ್ರತೀನೂ ಇಟ್ಕೊಳ್ಳಲ್ಲ," ಎಂದು ಅಕ್ಕ ಕಂಪ್ಯೂಟರಿನತ್ತ ತಿರುಗಿದರು. ನಂತರ ನನ್ನೆದುರೇ ಅಳಿಸಿದರು. ಒಂದು ಮಾತು ಜಗಳ ಆಡಿದ್ದರೂ ಸಾಕಿತ್ತಲ್ಲ ಎಂದು ಈಗ ಸಿಟ್ಟು ಬರುತ್ತದೆ.

ಪ್ರದರ್ಶನದಲ್ಲಿ ಜನ ಅರ್ಧಕ್ಕೇ ಎದ್ದರು. "ಏನೈತೆ ಇದ್ರಲ್ಲಿ?" ಎಂದು ಯಾರೋ ಗಟ್ಟಿಯಾಗಿ ಕೇಳಿದರು. ಮನೆಯಲ್ಲಿ ಅಮ್ಮ ಅಕ್ಕನನ್ನೇ ಬೈದಳು: "ಅಷ್ಟ್ ದಿನ ಕೂರಿಸ್ಕೊಂಡು ನನ್ನೇ ಬಿಟ್ಬಿಟ್ಟೆಯಲ್ಲವ್ವ!" ಅಕ್ಕ ಬೈಸಿಕೊಂಡರು, ನನ್ನ ಹೆಸರು ಎತ್ತಲಿಲ್ಲ. ನಾನೂ ಬಾಯಿ ಬಿಡಲಿಲ್ಲ. ಕೆಲವೇ ತಿಂಗಳಲ್ಲಿ ಅಕ್ಕ ಮನೆ ಖಾಲಿ ಮಾಡಿ ಬೇಲೂರಿಗೆ ಮರಳಿದರು. ಮತ್ತೆ ಸಿನಿಮಾ ಮಾಡಲಿಲ್ಲವಂತೆ...

ಅಮ್ಮ ತೀರಿಕೊಂಡ ಮೇಲೆ, ಎಲ್ಲಾದರೂ ಒಂದು ಪ್ರತಿ ಉಳಿದಿರಬಹುದೆಂದು ಅಕ್ಕನಿಗೆ ಫೋನ್ ಮಾಡಿದೆ. ಅವರ ತಮ್ಮ ಎತ್ತಿದರು. "ಅಕ್ಕ ಹೋಗಿ ಎಂಟು ತಿಂಗಳಾಯ್ತು ಕಣ್ರೀ," ಎಂದರು. ಇದ್ದ ಡಿಸ್ಕುಗಳನ್ನೆಲ್ಲ ಹುಡುಕಿಸಿದರು. ಅಮ್ಮ ಯಾವುದರಲ್ಲೂ ಇರಲಿಲ್ಲ. ಅಕ್ಕ ಕೊಟ್ಟ ಮಾತು ಉಳಿಸಿಕೊಂಡಿದ್ದರು.

ಈಗ ನನ್ನ ಬಳಿ ಅಮ್ಮನ ಹತ್ತಾರು ಫೋಟೊಗಳಿವೆ. ಎಲ್ಲದರಲ್ಲೂ ಸೆರಗಿನಡಿ ಕೈ ಮುಚ್ಚಿಕೊಂಡೇ ನಿಂತಿದ್ದಾಳೆ. ಹಾಗೆ ನಿಲ್ಲು ಎಂದು ಹೇಳುತ್ತಿದ್ದವಳು ನಾನೇ.