ಕೌದಿ ಹೊದ್ದ ಜರಿಗಿಡ

ಗದಿಗೆಮ್ಮನ ಮಾತು ಬಂದರೆ ನಮ್ಮ ಜನ ಈಗಲೂ "ಅಕಿ ತಲಿ ತಿರುಗಿತ್ತು" ಎನ್ನುತ್ತಾರೆ. ತಿರುಗಿದ್ದರೆ ತಿರುಗಲಿ. ಅಂಥ ತಲೆ ನಾಲ್ಕು ಮಂದಿಗೆ ಇದ್ದಿದ್ದರೆ ಉಪ್ಪಲ್‌ನ ಮೇಸ್ತ್ರಿಗಳು ಅಷ್ಟು ಮೆರೆಯುತ್ತಿರಲಿಲ್ಲ.

ಯಾದಗಿರಿ ಕಡೆಯಿಂದ ಉಪ್ಪಲ್‌ಗೆ ಕೂಲಿಗೆ ಬಂದ ಹೆಂಗಸು. ಕಂಪ್ಯೂಟರ್ ಕಂಪನಿಗಳ ಗಾಜಿನ ಕಟ್ಟಡಗಳು ಒಂದರ ಬೆನ್ನಿಗೆ ಒಂದು ಏಳುತ್ತಿದ್ದ ಕಾಲ. ಹೊಸ ಸ್ಲ್ಯಾಬಿಗೆ ನೀರುಣಿಸುವುದು ಅವಳ ಕೆಲಸ. ಸ್ಲ್ಯಾಬಿನ ಮೇಲೆ ಸಣ್ಣ ಒಡ್ಡು ಕಟ್ಟಿ ನೀರು ನಿಲ್ಲಿಸಬೇಕು, ಕಂಬಗಳಿಗೆ ಗೋಣಿ ಸುತ್ತಿ ಒದ್ದೆ ಇಡಬೇಕು. ಗಂಡ ತೀರಿಹೋಗಿದ್ದ. ಮೇಸ್ತ್ರಿ ಹಂಪಯ್ಯ ಕೊಟ್ಟ ತಗಡಿನ ಶೆಡ್ಡಿನಲ್ಲಿ ಒಬ್ಬಳೇ ಇದ್ದಳು. ಅದೇ ಸೈಟಿಗೆ ನಾನು ಟ್ರಾಲಿ ಆಟೋ ಓಡಿಸುತ್ತಿದ್ದೆ.

ಕಟ್ಟಡದ ಉದ್ಘಾಟನೆಯ ದಿನ ಕೂಲಿಯವರು ಕಣ್ಣಿಗೆ ಬೀಳಬಾರದೆಂದು ಹಂಪಯ್ಯ ನಮ್ಮನ್ನೆಲ್ಲ ಹಿಂದಿನ ಗೇಟಿನಾಚೆ ಅಟ್ಟಿದ. ವಾರದ ಮೇಲೆ ವೇದಿಕೆಯ ಕಸ ಬಳಿಯಲು ಅವನೇ ಕರೆದ. ಹೂವೆಲ್ಲ ಕೊಳೆತಿದ್ದವು. ನಡುವೆ ಸಿಕ್ಕಿಸಿದ್ದ ಜರಿಗಿಡದ ಗರಿಯಂಥ ಎಲೆ ಮಾತ್ರ ಚಪ್ಪಲಿಯ ತೊಗಲಿನಂತೆ ಗಟ್ಟಿ, ಹಚ್ಚಗೆ ಹೊಳೆಯುತ್ತಿತ್ತು. ಅದೇ ಗಿಡದ ಎರಡು ಕುಂಡ ಕಸದಲ್ಲಿ ಬಿದ್ದಿದ್ದವು. ಗದಿಗೆಮ್ಮ ತಲೆಯ ಮೇಲೆ ಹೊತ್ತು ತಂದಳು.

"ಹೂ ಇಲ್ಲ, ಕಾಯಿ ಇಲ್ಲ. ಏನ್ ಮಾಡ್ತಿ ಇದನ್ನ? ಪಲ್ಯಾ ಮಾಡ್ತಿ?" ಎಂದು ಹಂಪಯ್ಯ ನಕ್ಕ.

"ನಿನ್ನ ಊಟಕ್ಕ ಕರದಾಗ ಮಾಡ್ತೀನಿ ತಗೊ."

ಬೇರುಗಡ್ಡೆ ತುಂಡು ಮಾಡಿ ಶೆಡ್ಡಿನ ಹಿಂದಿನ ನೆರಳಲ್ಲಿ ನೆಟ್ಟಳು. ಸ್ಲ್ಯಾಬಿನ ರೂಢಿ ಬಿಡಬೇಕಲ್ಲ! ಸುತ್ತ ಒಡ್ಡು ಕಟ್ಟಿ ನೀರು ನಿಲ್ಲಿಸಿದಳು. ಮುಕ್ಕಾಲು ಗಡ್ಡೆ ಕೊಳೆತು ನಾರಿತು. ಉಳಿದವನ್ನು ತೆಂಗಿನ ನಾರು ಬೆರೆಸಿದ ಸಡಿಲ ಮಣ್ಣಿಗೆ ಬದಲಿಸಿದಳು. ಸುತ್ತ ಗೋಣಿ ಇಳಿಬಿಟ್ಟು ಅದಕ್ಕೆ ನೀರು ಎರಚಿದಳು. ಗೋಣಿಯೊಳಗೆ ಗಾಳಿ ತಂಪಾಯಿತು, ಮುಷ್ಟಿ ಬಿಗಿದಂಥ ಸುರುಳಿಗಳು ಎದ್ದು ಎಲೆ ಬಿಚ್ಚಿದವು. ಕಾಚಿಗೂಡದಲ್ಲಿ ವೇದಿಕೆ ಸಿಂಗರಿಸುವ ಅಂಬಾದಾಸ ದುಡ್ಡು ಕೊಟ್ಟು ಎಲೆ ಒಯ್ಯತೊಡಗಿದ. ಮಡಿ ಬೆಳೆಯಿತು. ಗದಿಗೆಮ್ಮ ಸ್ಲ್ಯಾಬಿನ ಕೆಲಸ ಬಿಟ್ಟಳು.

ಅದು ಹಂಪಯ್ಯನಿಗೆ ಚುಚ್ಚಿತು. ಸುಡು ಬೇಸಿಗೆಯ ಒಂದು ಮಧ್ಯಾಹ್ನ ಬಂದು ನಿಂತ.

"ಕೆಲಸಕ್ಕ ಬಾ, ಇಲ್ಲಾ ಈಗಿಂದೀಗ ಶೆಡ್ ಖಾಲಿ ಮಾಡು."

ಅವಳು ಮಡಿಗೆ ಇಳಿದಳು. ಗಿಡ ಕಿತ್ತು, ಬೇರಿಗೆ ಹಸಿ ಗೋಣಿ ಸುತ್ತಿ ಕಾಚಿಗೂಡಕ್ಕೆ ಅಂಬಾದಾಸನ ಕಡೆ ಒಯ್ಯಲು ನನ್ನ ಆಟೋಕ್ಕೆ ಏರಿಸಿದಳು. ಹಂಪಯ್ಯ ಆಟೋಕ್ಕೆ ಅಡ್ಡ ಬಂದ.

"ಗೋಣಿ ಸೈಟಿಂದು. ಬಿಚ್ಚಿಟ್ಟು ಹೋಗು."

ಆ ಬಿಸಿಲಲ್ಲಿ ಬರಿಬೇರು ಕಾಚಿಗೂಡ ಮುಟ್ಟುವುದರೊಳಗೆ ಸತ್ತೇಹೋಗುತ್ತಿತ್ತು. ಅದು ಅವನಿಗೂ ಗೊತ್ತು. ನಾನು ಜಾಕ್ ರಾಡು ಹಿಡಿದು ಇಳಿದೆ.

"ತಮ್ಮಾ, ಒಳಗಿಡು ಅದನ್ನ," ಎಂದಳು. ಒಂದೊಂದೇ ಗೋಣಿ ಬಿಚ್ಚಿ ಅವನ ಕಾಲ ಬಳಿ ಒಗೆದಳು. ಶೆಡ್ಡಿಗೆ ಹೋಗಿ ಕೌದಿ ತಂದಳು. ಅವಳ ಅವ್ವ ಹಳೆ ಸೀರೆಗಳನ್ನು ಪದರ ಪದರವಾಗಿ ಹೊಲಿದು ಕೊಟ್ಟದ್ದು. ಅದನ್ನು ಡ್ರಮ್ಮಿನಲ್ಲಿ ಮುಳುಗಿಸಿ, ನೀರು ಸುರಿಯುತ್ತಿದ್ದಂತೆಯೇ ಗಿಡಗಳಿಗೆಲ್ಲ ಹೊದಿಸಿದಳು.

"ಇದೂ ನಿನ್ನ ಸೈಟಿಂದೇನು?"

ಹಂಪಯ್ಯ ದಾರಿ ಬಿಟ್ಟ.

ಕಾಚಿಗೂಡದಲ್ಲಿ ಅಂಬಾದಾಸನ ನೆರೆಮನೆಯ ಗೋದಾಬಾಯಿ ತಮ್ಮ ಹಳೆ ಮನೆಯ ಹಿತ್ತಲು ಬಿಟ್ಟುಕೊಟ್ಟರು. ಎತ್ತರದ ಗೋಡೆಗಳ ನಡುವೆ ಒಳ್ಳೆ ನೆರಳು. ಹಳೆ ಎಲೆ ಕಪ್ಪಾಗಿ ಉದುರಿದವು. ಮಳೆಗಾಲ ಹಿಡಿದಾಗ ಸುರುಳಿಗಳು ಮತ್ತೆ ಎದ್ದವು.

ಮರುವರ್ಷ ಹಂಪಯ್ಯ ಮೇಸ್ತ್ರಿಯಾಗಿ ಕಟ್ಟಿಸಿದ ಹೊಸ ಕಟ್ಟಡದ ಉದ್ಘಾಟನೆ. ಸಿಂಗಾರ ಅಂಬಾದಾಸನದು, ಎಲೆ ಗದಿಗೆಮ್ಮನದು. ಎಲೆ ಹೇರಿದ ನನ್ನ ಆಟೋವನ್ನು ಮುಂದಿನ ಗೇಟಿನಲ್ಲಿ ಕಾವಲಿನವನು ತಡೆದ.

"ಹಿಂದ್ಲ ಗೇಟಿಗೆ ಹೋಗ್ರಿ."

ಗದಿಗೆಮ್ಮ ಇಳಿದು ಗೇಟಿನ ಕಟ್ಟೆಯ ಮೇಲೆ ಕೂತಳು. "ಹಿಂದ್ಲ ಗೇಟ್ ನಾ ನೋಡೀನಿ. ಎಲಿ ಬೇಕಾದವರು ಇಲ್ಲಿಗೇ ಬಂದು ಹೊತ್ಕೊಂಡು ಹೋಗ್ಲಿ."

ಒಳಗೆ ವೇದಿಕೆ ಬರಿದೇ ನಿಂತಿತ್ತು. ಅಂಬಾದಾಸ ಕೂಗಾಡಿದ. ಹಂಪಯ್ಯನೇ ಬಂದ.

"ಎಲಿ ಒದ್ದಿ ಅದಾವ, ಅಂಗಿ ಜ್ವಾಪಾನ ಮೇಸ್ತ್ರಿ," ಎಂದಳು ಗದಿಗೆಮ್ಮ.

ಅವನು ಬಗ್ಗಿ ಎಲೆಯ ಕಟ್ಟು ಹೆಗಲಿಗೇರಿಸಿದ.