ಲಲಿತಾ ಕತ್ತರಿಸಿದ ತುಣುಕು

ಲಲಿತಾ ದೇವದುರ್ಗ ಕಡೆಯ ಕುರಿಗಾರರ ಮಗಳು. ಚಿತ್ರಕಲೆ ಓದುವಾಗ ಅವಳ ಮಾತು ಕೇಳಿ ನಕ್ಕವರಿದ್ದರು. ಆ ಹಟಕ್ಕೇ ಇರಬೇಕು, ಓದು ಮುಗಿಸಿ ರಾಯಚೂರಿನಲ್ಲಿ ಬಾಡಿಗೆ ಕೋಣೆ ಹಿಡಿದ ಮೇಲೆ ಚಿತ್ರದಲ್ಲಿ ತನ್ನವರನ್ನಲ್ಲದೆ ಬೇರೇನನ್ನೂ ಬರೆಯಲಿಲ್ಲ. ಕರಿ ಕಂಬಳಿಯನ್ನು ಗೋಡೆಗೆ ಬಿಗಿದು, ಹಿರಿಯರು ಮಂದೆ ಹೊಡೆದುಕೊಂಡು ಹೋಗುತ್ತಿದ್ದ ದಾರಿಗಳನ್ನು ಸುಣ್ಣದಲ್ಲಿ ಬಿಡಿಸುತ್ತಿದ್ದಳು. ಚಿತ್ರಕ್ಕೆ ದನಿ ಇಲ್ಲವಲ್ಲ ಎಂಬ ಕೊರಗಿಗೆ ಹಳೆಯ ಕ್ಯಾಮೆರಾ ಕೊಂಡಳು.

ಅದರ ಮುಂದೆ ಮೊದಲು ಕೂರಿಸಿದ್ದು ತಾಯಿ ಆದೆಮ್ಮನನ್ನು. ಮರಿ ಸತ್ತ ಕುರಿಗೆ ತಬ್ಬಲಿ ಮರಿಯನ್ನು ಹೊಂದಿಸುವಾಗ ಆದೆಮ್ಮ ಒಂದು ಕರೆ ಕರೆಯುತ್ತಿದ್ದಳು. ಅರ್ಧ ಕುರಿಯ ದನಿ, ಅರ್ಧ ಜೋಗುಳ. ಕೇಳಿದ ಕುರಿ ಒದೆಯುವುದನ್ನು ಬಿಟ್ಟು ಹಾಲು ಕೊಡುತ್ತಿತ್ತು. ಅಂದು ಕರೆದು ತೋರಿಸುತ್ತಿದ್ದವಳು ನಡುವೆಯೇ ನಿಲ್ಲಿಸಿದಳು. ಪೋತ್ನಾಳದ ಹತ್ತಿರ ಗದ್ದೆಯಲ್ಲಿ ಕುರಿ ನಿಲ್ಲಿಸಿದ್ದಾಗ ಚೊಚ್ಚಲ ಕೂಸು ಜ್ವರ ಬಂದು ಸತ್ತಿತಂತೆ. ಬದುವಿನಲ್ಲಿ ಹುಗಿದು, ಬೆಳಗಾಗುತ್ತಲೇ ಮಂದೆಯ ಹಿಂದೆ ನಡೆದಳಂತೆ. ಎದೆಯಲ್ಲಿ ಹಾಲು ಕಟ್ಟಿ ನೋಯುವಾಗ ಆ ಕರೆ ತಾನಾಗಿ ಬಾಯಿಗೆ ಬಂದಿತ್ತು. ಇದನ್ನು ಹೇಳಿ, ಅಳುತ್ತಲೇ ಇನ್ನೊಮ್ಮೆ ಕರೆದಳು. ತನಗೊಬ್ಬ ಅಕ್ಕ ಇದ್ದಳೆಂಬುದು ಲಲಿತಾಗೆ ಅಂದೇ ಗೊತ್ತಾದದ್ದು.

ಹೀಗೆ ತೆಗೆದದ್ದನ್ನೆಲ್ಲ ಜೋಡಿಸಿ ಮಾಡಿದ ಸಿನಿಮಾವನ್ನು ರಾಯಚೂರಿನ ಸಣ್ಣ ಸಭಾಂಗಣದಲ್ಲಿ ತೋರಿಸಿದಾಗ ಜನ ಬಹಳ ಹೊತ್ತು ಎದ್ದು ಹೋಗಲಿಲ್ಲ. ಇನ್ನಷ್ಟು ಜನ ನೋಡಲಿ ಎಂದು ಲಲಿತಾ ಒಂದು ತುಣುಕು ಕತ್ತರಿಸಿ ಮೊಬೈಲಿನಲ್ಲಿ ಹಾಕಿದಳು. ಅದರಲ್ಲಿ ಕರೆ ಇತ್ತು, ಕಣ್ಣೀರಿತ್ತು. ಕೂಸಿನ ಮಾತು ಇರಲಿಲ್ಲ.

ವಾರದೊಳಗೆ ಯಾರೋ ಅದಕ್ಕೆ ಕುಣಿತದ ಹಾಡು ಸೇರಿಸಿದರು. ಕುರಿಯಂತೆ ಒದರುತ್ತ ಅಳುವ ಮುದುಕಿಯನ್ನು ನೋಡಿ ಜಿಲ್ಲೆಯೇ ನಕ್ಕಿತು.

ಆದೆಮ್ಮನ ಬಳಿ ಅಂಥ ಫೋನ್ ಇರಲಿಲ್ಲ. ಕಂಬಳಿ ಮಾರಲು ಮಾನ್ವಿ ಸಂತೆಗೆ ಹೋದವಳನ್ನು ಕಂಡು ಹುಡುಗರ ಗುಂಪೊಂದು ಆ ಕರೆ ಕರೆಯಿತು. ತನ್ನ ಕರೆ ಕಲಿತಿದ್ದಾರೆಂದು ಅವಳಿಗೆ ಹಿಗ್ಗಾಯಿತು.

"ಹಂಗಲ್ಲೋ ತಮ್ಮಾ, ಗಂಟಲದಾಗಿಂದ ಬರಬೇಕು," ಎಂದು ತಾನೇ ಕರೆದು ತೋರಿಸಿದಳು. ಅವರು ಫೋನ್ ಎತ್ತಿ ಹಿಡಿದರು. ಇನ್ನೊಮ್ಮೆ ಎಂದರು. ಅವಳು ಇನ್ನೊಮ್ಮೆ ಕರೆದಳು.

ಪಕ್ಕದಲ್ಲಿ ಬಳೆ ಮಾರುತ್ತಿದ್ದ ಕುಬ್ರಾ ಬೇಗಂಗೆ ತಡೆಯಲಾಗಲಿಲ್ಲ. ಅವಳ ಕೈ ಹಿಡಿದು ಕೂರಿಸಿ, ತನ್ನ ಫೋನಿನಲ್ಲಿ ಎಲ್ಲವನ್ನೂ ತೋರಿಸಿದಳು. ಆದೆಮ್ಮ ಕಂಬಳಿಗಳನ್ನು ಮಡಚಿಕೊಂಡು ಊರಿನ ಬಸ್ಸು ಹತ್ತಿದಳು.

ಸುದ್ದಿ ತಿಳಿದು ಲಲಿತಾ ಊರಿಗೆ ಓಡಿದಳು. ತನ್ನ ತುಣುಕನ್ನು ಆಗಲೇ ಅಳಿಸಿದ್ದಳು. ಬೇರೆಯವರು ಹಾಕಿದ್ದು ಅವಳ ಕೈಯಲ್ಲಿರಲಿಲ್ಲ. ತಾಯಿ ಬೈಯಲಿಲ್ಲ.

"ಕುರಿ ಒದರಿದಂಗ ಒದರಿದ್ದು ಅದ. ನನ್ನ ಕೂಸು ಎಲ್ಲಿ ಹೋತು?" ಎಂದು ಕೇಳಿದಳು.

"ಅದನ್ನ ನಾನೇ ತಗದೆ, ಯವ್ವಾ. ಉದ್ದ ಆಗತಿತ್ತು."

ಆದೆಮ್ಮ ಹೇಳಿದಳು: "ಕುರಿ ಮುಂದ ಹೋಗ್ಯಾವ, ಹೊತ್ತಾಗತದ ಅಂತ ಕೂಸಿನ್ನ ಹುಗಿದವತ್ತು ನಿಮ್ಮಪ್ಪನೂ ಹಿಂಗ ಅಂದಿದ್ದ."

ಆಮೇಲೆ ಮಗಳು ಎಷ್ಟು ಅತ್ತರೂ ತಾಯಿ ಅವಳ ಕಡೆ ತಿರುಗಲಿಲ್ಲ.

ಆ ಚಳಿಗಾಲ ಮಂದೆಯಲ್ಲಿ ತಾಯಿಕುರಿ ಸತ್ತು ಮರಿಯೊಂದು ತಬ್ಬಲಿಯಾಯಿತು. ಲಲಿತಾಳ ಅಣ್ಣ ಹನುಮಂತ್ರಾಯ ಅದನ್ನು ಬೇರೆ ಕುರಿಯ ಕೆಚ್ಚಲಿಗೆ ಹಿಡಿದು, ಕರೆಯವ್ವಾ ಎಂದು ಗೋಗರೆದ. ಕುರಿ ಒದೆಯುತ್ತಲೇ ಇತ್ತು. ಆದೆಮ್ಮ ಸೆರಗಿನಿಂದ ಬಾಯಿ ಮುಚ್ಚಿಕೊಂಡು ನೋಡುತ್ತ ಕೂತಳು. ಬಾಟಲಿಯ ಹಾಲು ಮರಿಗೆ ಹಿಡಿಸಲಿಲ್ಲ, ಸತ್ತುಹೋಯಿತು. ಹನುಮಂತ್ರಾಯ ತಂಗಿಗೆ ಫೋನ್ ಮಾಡಿ ಅಷ್ಟನ್ನೇ ಹೇಳಿ ಇಟ್ಟ.

ಬೇಸಿಗೆಯಲ್ಲಿ ಸಿನಿಮಾಕ್ಕೆ ಒಂದು ಪ್ರಶಸ್ತಿ ಬಂತು. ಬೇಡವೆನ್ನಬೇಕೆಂದು ಲಲಿತಾ ಬಹಳ ಯೋಚಿಸಿದಳು, ಕೊನೆಗೆ ಹೋದಳು. ವೇದಿಕೆಯ ಮೇಲೆ ಶಾಲು ಹೊದಿಸಿದವರು, ನಿಮ್ಮ ತಾಯಿ ಏನಂದರು ಎಂದು ಕೇಳಿದರು.

ಅವ್ವನಿಗೆ ಬಹಳ ಖುಷಿಯಾಗಿದೆ ಎಂದಳು.