ಹೆಬ್ಬಾಗಿಲ ಹಲಗೆಯ ಒಳ್ಳೆಯ ಮಾತು

ಇವತ್ತು ಮುಂಜಾನೆ ಹೊಸ್ತಿಲು ತೊಳೆದು ರಂಗೋಲಿ ಹಾಕಿದೆ. ನನ್ನ ಪಾಳಿಯ ನಾಲ್ಕು ಕೊಡ ನೀರು ತುಂಬಿದೆ. ಇವರಿಗೆ ಬುತ್ತಿ ಕಟ್ಟಿ ಕಾಟನ್‌ಪೇಟೆಯ ಮಳಿಗೆಗೆ ಕಳಿಸಿದೆ. ಜೋಳ ಹಸನು ಮಾಡಿದೆ, ಕೌದಿಗೊಂದು ತೇಪೆ ಹಾಕಿದೆ. ಆಮೇಲೆ ಅಕ್ಷರದ ಡಬ್ಬಿ ಮುಂದಿಟ್ಟುಕೊಂಡು, ನಮ್ಮನ್ನೇ ಈ ಮನೆಯಿಂದ ಎಬ್ಬಿಸುವಂಥ ಒಂದು ಒಳ್ಳೆಯ ಮಾತು ಹುಡುಕುತ್ತ ಕೂತೆ.

ಗದಗಿನಲ್ಲಿ ಇದನ್ನು ಓದುವ ನಿಮಗೆ ನನ್ನ ತಲೆ ಕೆಟ್ಟಿದೆ ಅನ್ನಿಸೀತು. ಮೊದಲಿನಿಂದ ಹೇಳುತ್ತೇನೆ.

ಇವರು ದುಡಿಯುವ ಅರಳೆ ವ್ಯಾಪಾರದವರು ಬೆಂಗಳೂರಿನಲ್ಲೊಂದು ಮಳಿಗೆ ತೆಗೆದಾಗ ನಾವು ಗದಗ ಬಿಟ್ಟು ಬಂದವರು. ಮೂರು ತಿಂಗಳು ಮಳಿಗೆಯೊಳಗೇ, ಅರಳೆ ಒತ್ತಿ ಕಟ್ಟಿದ ಅಂಡಿಗೆಗಳ ಹಿಂದೆ ಸಂಸಾರ. ಕೂದಲಲ್ಲೂ ಹತ್ತಿ, ಸಾರಿನಲ್ಲೂ ಹತ್ತಿ. ಮನೆ ಕೇಳಿದಲ್ಲೆಲ್ಲ ಯಾವ ಊರು, ಊಟ ಹೇಗೆ ಎಂದು ನಗುನಗುತ್ತ ವಿಚಾರಿಸಿ, ಕಡೆಗೆ "ನೋಡೋಣ" ಅನ್ನುತ್ತಿದ್ದರು. ನಾನು ಮಳ್ಳಿ, ನೋಡುತ್ತಾರೆಂದು ಕಾಯುತ್ತಿದ್ದೆ. ನಮ್ಮ ಕಡೆ ಆಗದಿದ್ದರೆ ಆಗೂದಿಲ್ಲ ಎಂದು ಒದರಿ, ಅದೇ ಬಾಯಲ್ಲಿ ಚಹಾ ಕುಡಿದು ಹೋಗು ಅನ್ನುತ್ತಾರೆ. ಇಲ್ಲಿ ಯಾರೂ ಆಗುವುದಿಲ್ಲ ಎಂಬುದನ್ನು ಬಾಯಿ ಬಿಟ್ಟು ಹೇಳುವುದಿಲ್ಲ.

ಅಂತೂ ಚಾಮರಾಜಪೇಟೆಯ ಒಂದು ವಠಾರದಲ್ಲಿ ಜಾಗ ಸಿಕ್ಕಿತು. ವಠಾರವೆಂದರೆ ಒಂದೇ ಹೆಬ್ಬಾಗಿಲಿನೊಳಗೆ ಎದುರುಬದುರು ಆರು ಮನೆ, ನಡುವೆ ಅಂಗಳ, ಎಲ್ಲರಿಗೂ ಒಂದೇ ನಳ. ಇಲ್ಲಿ ಅದಕ್ಕೆ ನಲ್ಲಿ ಅನ್ನುತ್ತಾರೆ, ಶೇಂಗಾಕ್ಕೆ ಕಡಲೇಕಾಯಿ. ರೊಟ್ಟಿ ಬಡಿಯುವ ಸದ್ದು ಕೇಳಿ ಮೊದಲ ವಾರವೇ ನನಗೆ ರೊಟ್ಟಿಯಮ್ಮ ಎಂದು ಹೆಸರಿಟ್ಟರು. ಹೆಸರು ಬಿದ್ದರೆ ಬೇರು ಬಿಟ್ಟಂತೆ ಎಂದು ಹಿಗ್ಗಿದೆ.

ವಠಾರದ ಯಜಮಾನರು ರಾಯರು. ಮೆತ್ತಗಿನ ದನಿ, ಸದಾ ಹೊದ್ದ ಶಾಲು. ಹೆಬ್ಬಾಗಿಲ ಪಕ್ಕ ಅವರದೊಂದು ಕರಿ ಹಲಗೆ ಇದೆ. ಹಲಗೆಗೆ ಅಡ್ಡಡ್ಡ ಸೀಳು. ಮಾಮೂಲ್‌ಪೇಟೆಯಲ್ಲಿ ತಗಡು ಕತ್ತರಿಸಿ ಮಾಡಿಸಿದ ಬಿಳಿ ಅಕ್ಷರಗಳನ್ನು ಅದರಲ್ಲಿ ಸಿಕ್ಕಿಸಿ ಒಂದೊಂದು ಒಳ್ಳೆಯ ಮಾತು ನಿಲ್ಲಿಸುವುದು. ಹಲಗೆ ಚಿಕ್ಕದು, ಮಾತೂ ಚಿಕ್ಕದೇ ಇರಬೇಕು.

ಒಂದು ದಿನ ರಾಯರು ಡಬ್ಬಿ ತಂದು ನನ್ನ ಕೈಗಿಟ್ಟರು. "ನೀವು ಮುಲ್ಕಿ ಪರೀಕ್ಷೆ ಪಾಸ್ ಮಾಡಿದೀರಂತೆ. ನನ್ನ ಕಣ್ಣಿಗೆ ಪೊರೆ ಬಂದ್ಬಿಟ್ಟಿದೆ ಅಮ್ಮ. ವಿಷಯ ನಾನು ಹೇಳ್ತೀನಿ, ಮಾತು ನೀವು ಆರಿಸಿ."

ಈ ಊರಲ್ಲಿ ನನಗೆ ಸಿಕ್ಕ ಮೊದಲ ಮರ್ಯಾದೆ ಅದು. ಅವ್ವ ಆಡುತ್ತಿದ್ದ ಮಾತುಗಳನ್ನೆಲ್ಲ ನೆನೆನೆನೆದು, ಉದ್ದವಿದ್ದರೆ ಮೊಟಕು ಮಾಡಿ ಹಾಕಿದೆ. ಅಂಚೆಯವನು ಸೈಕಲ್ಲು ನಿಲ್ಲಿಸಿ ಗಟ್ಟಿಯಾಗಿ ಓದಿದ ದಿನ ನನಗೆ ಊಟವೇ ಬೇಡವಾಗಿತ್ತು.

ಒಮ್ಮೆ ರಾಯರು ನೀರಿನ ಮೇಲೆ ಒಂದು ಮಾತು ಕೇಳಿದರು. "ಹಂಚಿದ ನೀರು ಬತ್ತದು" ಎಂದು ನಿಲ್ಲಿಸಿದೆ. ಹತ್ತು ದಿನದಲ್ಲಿ ಕೊನೆಯ ಮನೆಯ ಮೇಷ್ಟ್ರು, ಐದು ಮಕ್ಕಳ ತಂದೆ, ಮಲ್ಲೇಶ್ವರಂ ಕಡೆ ಮನೆ ಬದಲಿಸಿದರು. ಶಾಲೆ ಹತ್ತಿರವಾಗಲೆಂದು ಇರಬೇಕು ಎಂದುಕೊಂಡೆ.

ಆಮೇಲೆ ಬೆಳಗಿನ ಮೌನದ ಮೇಲೊಂದು ಮಾತು ಬೇಕೆಂದರು. "ಮುಂಜಾವಿನ ಮೌನ ಮನೆಯ ಸಿರಿ." ಅಂದೇ ಪಕ್ಕದ ಮನೆಯ ಸುಬ್ಬಮ್ಮನ ಹೊಲಿಗೆ ಯಂತ್ರದ ಸದ್ದು ನಿಂತಿತು. ಗಂಡನಿಲ್ಲದ ಹೆಂಗಸು, ರವಿಕೆ ಹೊಲಿದು ಬದುಕುವವಳು. ನಾಲ್ಕನೇ ದಿನ ಬಾಗಿಲಿಗೆ ಜಟಕಾ ಬಂತು.

"ಯಾಕ್ರೀ ಸುಬ್ಬಮ್ಮ, ಯಾರು ಹೋಗಂದ್ರು?" ಎಂದು ಓಡಿ ಹೋಗಿ ಕೇಳಿದೆ.

ಯಂತ್ರವನ್ನು ಮಡಿಲ ಕೂಸಿನಂತೆ ಹಿಡಿದು ಕೂತಿದ್ದಳು. "ಯಾರೂ ಅನ್ನಲಿಲ್ಲ ರೊಟ್ಟಿಯಮ್ಮ. ಇಲ್ಲಿ ಹೊರಡಿ ಅಂತ ಯಾರೂ ಅನ್ನಲ್ಲ. ಹಲಗೆ ಓದ್ಕೊಂಡು ನಾವೇ ಹೊರಡ್ತೀವಿ. ಮೇಷ್ಟ್ರು ಯಾಕೆ ಹೋದ್ರು ಅಂದ್ಕೊಂಡ್ರಿ?"

ನಾನು ತಿರುಗಿ ಹಲಗೆಯ ಕಡೆ ನೋಡಿದೆ.

"ಮಾತು ಮಾತ್ರ ಚೆನ್ನಾಗಿ ಆರಿಸಿದ್ರಿ," ಅಂದಳು. ಜಟಕಾ ಹೊರಟಿತು.

ಅಂದಿನಿಂದ ನಾನು ಅಂಗಳಕ್ಕೆ ಬಂದರೆ ಹೆಂಗಸರ ಮಾತು ನಿಲ್ಲುತ್ತದೆ. ನಲ್ಲಿಯಲ್ಲಿ ನನಗೆ ಮೊದಲು ಜಾಗ ಬಿಡುತ್ತಾರೆ. ಡಬ್ಬಿಯನ್ನು ತಿರುಗಿ ಕೊಡಬೇಕೆಂದು ದಿನವೂ ಎದ್ದೆ, ದಿನವೂ ಕೂತೆ. ಅಂಡಿಗೆಗಳ ಹಿಂದಿನ ಮೂರು ತಿಂಗಳು ನೆನಪಾಗುತ್ತಿತ್ತು.

ನಿನ್ನೆ ಸಂಜೆ ಒಣಮೆಣಸಿನಕಾಯಿ, ಬೆಳ್ಳುಳ್ಳಿ ಇಟ್ಟು ಚಟ್ನಿ ಕುಟ್ಟುತ್ತಿದ್ದೆ. ಕಿಟಕಿಯಲ್ಲಿ ಶಾಲಿನ ನೆರಳು ಕಂಡಿತು. ರಾಯರು ಸಣ್ಣಗೆ ಕೆಮ್ಮಿದರು.

"ಅಡುಗೆ ಜೋರಾಗಿದೆ," ಎಂದು ನಕ್ಕರು. "ನಾಳೆ ಊಟದ ಮೇಲೆ ಒಂದು ಮಾತು ಹಾಕಿ ಅಮ್ಮ. ಸಾತ್ವಿಕವಾದ ಊಟ, ಶುದ್ಧವಾದ ಗಾಳಿ, ಹಾಗೇನಾದ್ರೂ. ನೀವು ಚೆನ್ನಾಗಿ ಆರಿಸ್ತೀರಿ."

ಒನಕೆ ಕೆಳಗಿಟ್ಟು, ಬೆಳ್ಳುಳ್ಳಿ ನಾರುವ ಕೈ ಮೂಸಿಕೊಂಡೆ.

ಇವತ್ತು ಬುತ್ತಿ ಕಟ್ಟುವಾಗ ಇವರಿಗೆ ಹೇಳಿದೆ.

"ಬಳ್ಳೊಳ್ಳಿ ಬಿಟ್ಟಬಿಡು, ಆತು," ಅಂದರು.

"ಬಿಡತೇನ್ರಿ. ನಾಳೆ ರೊಟ್ಟಿ ಬಡಿಯೂ ಸಪ್ಪಳ ಅಂತಾರ. ನಾಡಿದ್ದ ನಮ್ಮ ಮಾತಿನ ದನಿ ಅಂತಾರ."

"ಹಂಗಾದ್ರ ಹೋಗಿ ಮುಖಕ್ಕ ಕೇಳು."

"ನೀವ ಕೇಳ್ರಿ."

"ನಾನ? ಮತ್ತ ಅಂಡಿಗಿ ಹಿಂದ ಮಲಗಾಕ ನನ್ನ ಕೈಲಿ ಆಗೂದಿಲ್ಲವ್ವ," ಎಂದು ಬುತ್ತಿ ಎತ್ತಿಕೊಂಡು ನಡೆದರು.

ಅಕ್ಷರಗಳನ್ನು ನೆಲಕ್ಕೆ ಹರವಿದೆ. "ಹಿತವಾದ ಊಟ, ಹಿತವಾದ ನೆರೆ." ಜೋಡಿಸಿ ಸುಬ್ಬಮ್ಮನ ಕಣ್ಣಿನಿಂದ ಓದಿದೆ, ಕೆಡವಿದೆ. "ತಿಳಿಗಾಳಿ, ತಿಳಿಮನ." ಅದನ್ನೂ ಕೆಡವಿದೆ. ಯಾವ ಮಾತು ಜೋಡಿಸಿದರೂ ಅದು ನಮ್ಮ ಬಾಗಿಲ ಕಡೆಗೇ ಮುಖ ಮಾಡಿ ನಿಲ್ಲುತ್ತಿತ್ತು. ಊಟದ ಹೊತ್ತು ಮೀರಿದ ಮೇಲೆ ಹೋಗಿ ಹಲಗೆಗೆ ಮೂರೇ ಶಬ್ದ ಸಿಕ್ಕಿಸಿ ಬಂದೆ: "ಹೇಳುವುದನ್ನು ಮುಖಕ್ಕೆ ಹೇಳು."

ಅಂಗಳದ ಬಾಗಿಲುಗಳು ಒಂದೊಂದಾಗಿ ಮುಚ್ಚಿಕೊಂಡವು. ಇಳಿಹೊತ್ತಿಗೆ ರಾಯರು ಬಂದರು. ಕಣ್ಣು ಕಾಣದ್ದರಿಂದ ತಗಡಿನ ಮೇಲೆ ಬೆರಳಾಡಿಸಿ ಒಂದೊಂದೇ ಅಕ್ಷರ ಮುಟ್ಟಿ ಓದಿದರು. ನಾನು ನಮ್ಮ ಹೊಸ್ತಿಲಲ್ಲೇ ಇದ್ದೆ. ಅವರಿಗೆ ಅದು ಗೊತ್ತಿತ್ತು.

"ಇದು ಊಟದ ಮೇಲಿನ ಮಾತಲ್ಲ ಅಲ್ವಾ ಅಮ್ಮ?"

"ಅಲ್ರಿ."

ನನ್ನ ಕಡೆ ತಿರುಗಿದರು. ಈಗ ಹೇಳುತ್ತಾರೆ, ಈಗಲಾದರೂ ಹೇಳುತ್ತಾರೆ ಎಂದು ಕಾದೆ.

"ಚೆನ್ನಾಗಿದೆ," ಅಂದರು. "ನಾಳೆ ನೋಡೋಣ." ಒಳಗೆ ಹೋಗಿ ಅಗುಳಿ ಹಾಕಿಕೊಂಡರು.

ಕೈ ತೊಳೆಯುವಾಗ ನನಗೆ ಹೊಳೆಯಿತು. ಇನ್ನೂ ಗದಗಿನವಳೇ ಆಗಿದ್ದರೆ ಅವರ ಬಾಗಿಲಿಗೆ ಹೋಗಿ ಎದುರು ನಿಂತು ಕೇಳುತ್ತಿದ್ದೆ. ಮುಖಕ್ಕೆ ಹೇಳು ಎಂಬುದನ್ನೂ ಹಲಗೆಯ ಹಿಂದೆ ನಿಂತು ಹೇಳಿದೆ. ಪೂರಾ ಇಲ್ಲಿಯವಳಾಗಿದ್ದರೆ ಆ ಮಾತನ್ನು ಆರಿಸುತ್ತಲೇ ಇರಲಿಲ್ಲ.

ಇವರು ಹೆಬ್ಬಾಗಿಲಲ್ಲಿ ಹಲಗೆ ಓದಿಯೇ ಬಂದು, ಕಾಲು ತೊಳೆದು ಉಣ್ಣಲು ಕೂತರು. ಉಂಡದ್ದು ಜೋಳದ ರೊಟ್ಟಿ, ಬೇಳೆ, ಕೆಂಪು ಚಟ್ನಿ. ಚಟ್ನಿಗೆ ಇವತ್ತೂ ಬೆಳ್ಳುಳ್ಳಿ ಹಾಕಿಯೇ ಕುಟ್ಟಿದ್ದೆ, ಆದರೆ ಕಿಟಕಿ ಮುಚ್ಚಿ. ಇವರು ಮೊದಲು ಮಲಗಿದರು. ರಾಯರ ಮನೆಯ ದೀಪ ಇನ್ನೂ ಆರಿಲ್ಲ.